ಪ್ರಾಯೋಗಿಕ ವಿಮಾನಗಳು ಕೊನೆಗೆ ಗುಜರಿಗೇ ಹೋಗುವುದಾದರೆ ಅವುಗಳಿಂದ ಏನು ಪ್ರಯೋಜನ? ಕಾರವಾರದ ಬೀಚಿನಲ್ಲಿರುವ ಟುಪೊಲೆವ್ ಅಂಥದ್ದೇ?

ನೀವು ಕೇಳಿದ್ದು ಮೂರು ಸಂಗತಿ. ಕಾರವಾರದ ಟ್ಯಾಗೋರ್ ಬೀಚಿನಲ್ಲಿ ನಿಲ್ಲಿಸಿರುವ ದೊಡ್ಡ ವಿಮಾನ ಪ್ರಾಯೋಗಿಕ ವಿಮಾನವೇ? ಸೈನ್ಯಕ್ಕೂ ಸೇರದೆ, ಪ್ರಯಾಣಿಕರಿಗೂ ಸಿಗದೆ ಮೂಲೆ ಸೇರುವ ಇಂಥ ವಿಮಾನಗಳಿಗೆ ಕೋಟಿಗಟ್ಟಲೆ ಸುರಿಯುವುದು ಸರಿಯೇ? ಪಿಯುಸಿ ವಿಜ್ಞಾನ ಓದುತ್ತಿರುವ ನಿಮ್ಮ ಮಗಳು ಈ ಕ್ಷೇತ್ರಕ್ಕೆ ಹೋಗಬಹುದೇ? ನಾನು ಶಿರಸಿಯವನು, ಪಿಯುಸಿ ಮಕ್ಕಳಿಗೆ ಭೌತಶಾಸ್ತ್ರ ಕಲಿಸುತ್ತೇನೆ. ಘಟ್ಟ ಇಳಿದು ಮಕ್ಕಳನ್ನು ಅದೇ ವಿಮಾನ ತೋರಿಸಲು ಕರೆತರುವವನಾದ್ದರಿಂದ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ.

ಮೊದಲನೆಯದಕ್ಕೆ ಉತ್ತರ: ಅಲ್ಲ. ಅದು ಸೋವಿಯತ್ ಒಕ್ಕೂಟದ ಟುಪೊಲೆವ್ ಸಂಸ್ಥೆಯ ಟಿಯು-142ಎಂ. ಸಮುದ್ರದ ಮೇಲೆ ಗಂಟೆಗಟ್ಟಲೆ ಹಾರುತ್ತಾ ಸಬ್‌ಮರೀನ್ ಹುಡುಕುವ ದುಡಿಮೆಯ ವಿಮಾನ. 1988ರಿಂದ 2017ರವರೆಗೆ ನಮ್ಮ ನೌಕಾಪಡೆಯಲ್ಲಿತ್ತು. ಆದರೆ ಅದರ ವಂಶದಲ್ಲಿ ಪ್ರಯೋಗಗಳು ತುಂಬಾ ಇವೆ. ಅದರ ಹಿರಿಯಣ್ಣ ಟಿಯು-95 ಎಂಬ ಬಾಂಬರ್ ವಿಮಾನ. ಅದರ ಮೊದಲ ಮಾದರಿ ಹಾರಿದ್ದು 1952ರ ನವೆಂಬರಿನಲ್ಲಿ. ಆರು ತಿಂಗಳು ಕಳೆಯುವಷ್ಟರಲ್ಲಿ, 1953ರ ಮೇ ತಿಂಗಳಲ್ಲಿ, ಎಂಜಿನ್ನಿಗೆ ಬೆಂಕಿ ಹತ್ತಿ ಬಿದ್ದುಹೋಯಿತು. ಅದನ್ನು ಹಾರಿಸುತ್ತಿದ್ದ ಅಲೆಕ್ಸೆಯ್ ಪೆರೆಲ್ಯೋತ್ ಬದುಕಲಿಲ್ಲ. ಎರಡೆರಡು ಎಂಜಿನ್ ಜೋಡಿಸಿ ಒಂದೇ ಗೇರ್‌ಬಾಕ್ಸಿಗೆ ಕೊಟ್ಟಿದ್ದ ಆ ಏರ್ಪಾಡನ್ನು ಕೈಬಿಟ್ಟು, ಒಂದೊಂದೇ ಸುಮಾರು 15,000 ಅಶ್ವಶಕ್ತಿಯಷ್ಟು ಬಲ ಕೊಡುವ ಎನ್‌ಕೆ-12 ಎಂಜಿನ್ ಹಾಕಿದರು. ಕಾರವಾರದ ವಿಮಾನದ್ದೂ ಅದೇ ಎಂಜಿನ್ನಿನ ವಂಶ. ಪ್ರತಿ ಎಂಜಿನ್ನಿಗೆ ಒಂದರ ಹಿಂದೆ ಒಂದರಂತೆ ಎರಡು ಪಂಖ, ಒಂದೊಂದಕ್ಕೆ ನಾಲ್ಕು ಅಲಗು. ಮುಂದಿನದು ಒಂದು ದಿಕ್ಕಿಗೆ ತಿರುಗಿದರೆ ಹಿಂದಿನದು ಅದರ ವಿರುದ್ಧ ದಿಕ್ಕಿಗೆ. ಅಷ್ಟು ಶಕ್ತಿಯನ್ನು ಒಂದೇ ಪಂಖಕ್ಕೆ ಕೊಟ್ಟರೆ ಅದು ನೆಲಕ್ಕೆ ತಾಗುವಷ್ಟು ದೊಡ್ಡದಾಗಬೇಕಾಗುತ್ತದೆ. ಮೇಲಾಗಿ ಮುಂದಿನ ಪಂಖ ಗಾಳಿಯನ್ನು ಸುರುಳಿ ಸುತ್ತಿಸಿ ಬಿಡುತ್ತದೆ, ಆ ಸುರುಳಿಯಲ್ಲಿ ಪೋಲಾಗುವ ಶಕ್ತಿಯನ್ನು ಹಿಂದಿನದು ಮತ್ತೆ ಹಿಡಿದುಕೊಳ್ಳುತ್ತದೆ. ಹಿಂದಕ್ಕೆ ಬಾಗಿದ ರೆಕ್ಕೆಗೆ ಪಂಖ ಕಟ್ಟಿ ಜೆಟ್ ವಿಮಾನದ ಹತ್ತಿರದ ವೇಗಕ್ಕೆ ಹಾರಬಹುದು ಎಂದು ನಂಬುವವರು ಆಗ ಕಡಿಮೆ. ಹಾರಿಸಿ ತೋರಿಸಿದ ಮೇಲೆ ನಂಬಿದರು.

ಅದೇ ಟಿಯು-95ರ ಹೊಟ್ಟೆಯೊಳಗೆ ಸೋವಿಯತ್ ವಿಜ್ಞಾನಿಗಳು 1961ರಲ್ಲಿ ಒಂದು ಪರಮಾಣು ರಿಯಾಕ್ಟರ್ ಇಟ್ಟು ಹಾರಿಸಿದರು. ಅಮೆರಿಕದವರು ಅದಕ್ಕೂ ಮೊದಲೇ, 1955ರಿಂದ 1957ರ ನಡುವೆ, ಎನ್‌ಬಿ-36ಎಚ್ ಎಂಬ ವಿಮಾನದಲ್ಲಿ ರಿಯಾಕ್ಟರ್ ಹೊತ್ತು 47 ಬಾರಿ ಹಾರಿದ್ದರು. ರಿಯಾಕ್ಟರಿನಿಂದ ವಿಮಾನ ಓಡಲಿಲ್ಲ, ಅದು ಬರೀ ಹೊರೆಯಾಗಿ ಕೂತಿತ್ತು. ಅವರು ತಿಳಿಯಬೇಕಾಗಿದ್ದದ್ದು ಒಂದೇ: ವಿಕಿರಣದಿಂದ ಪೈಲಟ್‌ಗಳನ್ನು ಕಾಪಾಡಲು ಎಷ್ಟು ದಪ್ಪದ, ಎಷ್ಟು ತೂಕದ ತಡೆಗೋಡೆ ಬೇಕು? ಕೈಗಾದಲ್ಲಿ ಕೆಲಸ ಮಾಡುವವರು ಯಾರಾದರೂ ನಿಮಗೆ ಪರಿಚಯವಿದ್ದರೆ ರಿಯಾಕ್ಟರಿನ ಸುತ್ತಲಿನ ಕಾಂಕ್ರೀಟ್ ಬಗ್ಗೆ ಕೇಳಿ ನೋಡಿ, ಅಂಥ ರಕ್ಷಣೆಯನ್ನು ರೆಕ್ಕೆಯ ಮೇಲೆ ಹೊರುವುದೆಂದರೇನು ಎಂಬುದು ಅಂದಾಜಾಗುತ್ತದೆ. 1961ರಲ್ಲೇ ಅಮೆರಿಕ ಆ ಯೋಜನೆ ನಿಲ್ಲಿಸಿತು. ಬಿದ್ದರೆ ಊರಿಗೆ ಊರೇ ಕೆಡುವಂಥ ಈ ಪ್ರಯೋಗವನ್ನು ಆಕಾಶಕ್ಕೆ ಒಯ್ಯಲೇಬಾರದಿತ್ತು ಎಂಬುದು ನನ್ನ ಅಭಿಪ್ರಾಯ. ಪ್ರಯೋಗ ಎಂದಾಕ್ಷಣ ಎಲ್ಲವನ್ನೂ ಸಮರ್ಥಿಸಲು ನಾನು ಸಿದ್ಧನಿಲ್ಲ.

ಈಗ ನಿಮ್ಮ ಮುಖ್ಯ ಪ್ರಶ್ನೆ. ನಿಜವಾದ ಪ್ರಾಯೋಗಿಕ ವಿಮಾನವನ್ನು ಕಟ್ಟುವುದು ಮಾರುವುದಕ್ಕಲ್ಲ. ನೆಲದ ಮೇಲೆ ಲೆಕ್ಕ ಹಾಕಿ ಬಗೆಹರಿಸಲಾಗದ ಒಂದು ಪ್ರಶ್ನೆ ಇರುತ್ತದೆ, ಅದನ್ನು ಗಾಳಿಗೇ ಕೇಳಬೇಕಾಗುತ್ತದೆ. ಉತ್ತರ ಬಂದ ದಿನ ಆ ವಿಮಾನದ ಕೆಲಸ ಮುಗಿಯಿತು. ಆಮೇಲೆ ಅದು ಮ್ಯೂಸಿಯಂ ಸೇರಿದರೂ ಗುಜರಿ ಸೇರಿದರೂ ನಷ್ಟವಿಲ್ಲ.

ರೈಟ್ ಸಹೋದರರನ್ನೇ ನೋಡಿ. 1901ರ ಅವರ ಗ್ಲೈಡರ್ ಲೆಕ್ಕದ ಪ್ರಕಾರ ಎಷ್ಟು ಎತ್ತಬೇಕಿತ್ತೋ ಅದರ ಮೂರನೇ ಒಂದು ಭಾಗದಷ್ಟೇ ಎತ್ತಿತು. ಅವರು ತಮ್ಮ ಸೈಕಲ್ ಅಂಗಡಿಗೆ ಮರಳಿ ಮರದ ಪೆಟ್ಟಿಗೆಯಲ್ಲೊಂದು ಗಾಳಿಸುರಂಗ ಮಾಡಿ, ಸೈಕಲ್ಲಿನ ಕಡ್ಡಿ ಮತ್ತು ಗರಗಸದ ಅಲಗುಗಳಿಂದ ತಕ್ಕಡಿ ಕಟ್ಟಿ, ಸುಮಾರು 200 ಬಗೆಯ ರೆಕ್ಕೆಗಳನ್ನು ಅಳೆದರು. 1903ರ ಡಿಸೆಂಬರ್ 17ರ ಆ 12 ಸೆಕೆಂಡುಗಳ ಹಾರಾಟ ಎಲ್ಲರಿಗೂ ಗೊತ್ತು. ನನ್ನ ಮಟ್ಟಿಗೆ ಆ ತಕ್ಕಡಿಯೇ ದೊಡ್ಡದು.

ಹೆಸರಿನಲ್ಲಿ ‘ಎಕ್ಸ್’ ಇರುವ ಅಮೆರಿಕದ ವಿಮಾನಗಳ ಸಾಲು ಶುರುವಾದದ್ದು ಎರಡನೇ ಮಹಾಯುದ್ಧದ ನಂತರ. ಮೊದಲನೆಯದಾದ ಬೆಲ್ ಎಕ್ಸ್-1ರಲ್ಲಿ ಚಕ್ ಯೇಗರ್ 1947ರ ಅಕ್ಟೋಬರ್ 14ರಂದು ಶಬ್ದದ ವೇಗ ದಾಟಿದರು. ಶಬ್ದದ ವೇಗದ ಹತ್ತಿರ ಬಾಲದ ಪಟ್ಟಿ ಪೈಲಟ್ಟಿನ ಮಾತು ಕೇಳುವುದಿಲ್ಲ, ಬಾಲದ ಅಡ್ಡರೆಕ್ಕೆಯನ್ನು ಇಡಿಯಾಗಿ ತಿರುಗಿಸಿದರೆ ಕೇಳುತ್ತದೆ ಎಂಬುದು ಅಲ್ಲಿ ಖಚಿತವಾಯಿತು. ಶಬ್ದಕ್ಕಿಂತ ವೇಗವಾಗಿ ಹಾರುವ ಯುದ್ಧವಿಮಾನಗಳಲ್ಲಿ ಅದು ರೂಢಿಯಾಗಿಬಿಟ್ಟಿತು. ಎಕ್ಸ್-15 ಕೂಡ ಹೆಸರಾಂತದ್ದೇ: 1959ರಿಂದ 1968ರವರೆಗೆ 199 ಹಾರಾಟ, ಶಬ್ದದ 6.7 ಪಟ್ಟು ವೇಗ, 107 ಕಿಲೋಮೀಟರಿಗೂ ಮೀರಿದ ಎತ್ತರ. ಇವುಗಳ ಬಗ್ಗೆ ಎಲ್ಲೆಡೆ ಓದಲು ಸಿಗುತ್ತದೆ.

ನಿಮ್ಮ ಪ್ರಶ್ನೆಗೆ ಸರಿಯಾದ ಉತ್ತರ ಇರುವುದು ಯಾರೂ ಹೊಗಳದ ಎಕ್ಸ್-3ರಲ್ಲಿ. ಡಗ್ಲಸ್ ಕಂಪನಿ ಕಟ್ಟಿದ ಇದರ ಉದ್ದ ಸುಮಾರು 20 ಮೀಟರ್, ರೆಕ್ಕೆಯ ತುದಿಯಿಂದ ತುದಿಗೆ ಬರೀ 7 ಮೀಟರ್. ಶಬ್ದದ ಎರಡು ಪಟ್ಟು ವೇಗದಲ್ಲಿ ಹೊತ್ತು ಹೊತ್ತು ಹಾರಲಿ ಎಂದು ಕಟ್ಟಿದರು. ಆದರೆ ಅಂದುಕೊಂಡ ಎಂಜಿನ್ ಅದರೊಳಗೆ ಹಿಡಿಸಲಿಲ್ಲ, ಅದಕ್ಕಿಂತ ದುರ್ಬಲವಾದದ್ದನ್ನು ಹಾಕಬೇಕಾಯಿತು. ಕೆಳಮುಖವಾಗಿ ಧುಮುಕಿದರೆ ಮಾತ್ರ ಹೇಗೋ ಶಬ್ದದ ವೇಗ ದಾಟುತ್ತಿತ್ತು. ಪತ್ರಿಕೆಗೆ ತಲೆಬರಹ ಕೊಡುವುದಾದರೆ ‘ಸೋತ ವಿಮಾನ’.

1954ರ ಅಕ್ಟೋಬರ್ 27ರಂದು ಜೋ ವಾಕರ್ ಎಂಬ ಪೈಲಟ್ ಅದನ್ನು ಸರ‍್ರನೆ ಎಡಕ್ಕೆ ಉರುಳಿಸಿದರು. ಮಾಮೂಲಿ ಪರೀಕ್ಷೆ. ಉರುಳಬೇಕಾದ ವಿಮಾನ ಒಮ್ಮೆಲೇ ಮೂಗೆತ್ತಿ, ಜೊತೆಗೆ ಪಕ್ಕಕ್ಕೂ ಹೊರಳಿ, ಹಿಡಿತ ತಪ್ಪಿತು. ವಾಕರ್ ಹೇಗೋ ಸಂಭಾಳಿಸಿ, ಮತ್ತೊಮ್ಮೆ ಮಾಡಿ ನೋಡಿ, ಸುರಕ್ಷಿತವಾಗಿ ಇಳಿಸಿದರು. ಒಳಗಿದ್ದ ಉಪಕರಣಗಳು ಅಷ್ಟನ್ನೂ ದಾಖಲಿಸಿಕೊಂಡಿದ್ದವು. ಇದಕ್ಕೆ ಹದಿನೈದು ದಿನ ಮೊದಲಷ್ಟೇ, ಹೊಸದಾಗಿ ಸೇನೆಗೆ ಸೇರುತ್ತಿದ್ದ ಎಫ್-100 ಯುದ್ಧವಿಮಾನವೊಂದು ಗಾಳಿಯಲ್ಲೇ ಚೂರಾಗಿ ಜಾರ್ಜ್ ವೆಲ್ಚ್ ಎಂಬ ಪರೀಕ್ಷಾ ಪೈಲಟ್ ಸತ್ತಿದ್ದರು.

ಎರಡರ ಹಿಂದೆಯೂ ಇದ್ದದ್ದು ಒಂದೇ ಕಾರಣ. ಹಳೆಯ ವಿಮಾನಗಳಲ್ಲಿ ತೂಕ ರೆಕ್ಕೆಗಳುದ್ದಕ್ಕೂ ಹರಡಿರುತ್ತಿತ್ತು. ಜೆಟ್ ಕಾಲದ ಈ ಸಪೂರ ವಿಮಾನಗಳಲ್ಲಿ ಬಹುಪಾಲು ತೂಕ ಮೂಗಿನಿಂದ ಬಾಲದವರೆಗಿನ ಉದ್ದನೆಯ ಒಡಲಿನಲ್ಲಿ. ಅದನ್ನು ವೇಗವಾಗಿ ಉರುಳಿಸಿದಾಗ ಮೂಗು ಮತ್ತು ಬಾಲದ ತೂಕ ಉರುಳುವ ಅಕ್ಷದಿಂದ ಹೊರಕ್ಕೆ ಎಸೆಯಲ್ಪಡಲು ನೋಡುತ್ತದೆ. ಬಾಲದ ಲಂಬರೆಕ್ಕೆ ಚಿಕ್ಕದಾಗಿದ್ದರೆ ಅದನ್ನು ತಡೆದು ಹಿಡಿಯಲಾಗದೆ ವಿಮಾನ ಅಡ್ಡಡ್ಡ ತಿರುಗಿಬಿಡುತ್ತದೆ. ಕಾಗದದ ಮೇಲೆ ಇದರ ಸೂತ್ರವನ್ನು ಕೆಲವರು ಬರೆದಿದ್ದರು, ಗಮನಿಸಿದವರು ಕಡಿಮೆ. ಎಕ್ಸ್-3ರ ದಾಖಲೆ ಬಂದ ಮೇಲೆ ಸಂಶಯಕ್ಕೆ ಜಾಗ ಉಳಿಯಲಿಲ್ಲ. ಎಫ್-100ರ ಲಂಬರೆಕ್ಕೆಯನ್ನು ದೊಡ್ಡದು ಮಾಡಿದರು, ರೆಕ್ಕೆಯ ತುದಿಗಳನ್ನು ಉದ್ದ ಮಾಡಿದರು. ಎಕ್ಸ್-3ರ ತೆಳು ರೆಕ್ಕೆಯ ಮಾಹಿತಿ ಎಫ್-104 ಯುದ್ಧವಿಮಾನಕ್ಕೆ ನೆರವಾಯಿತು. ಅದರ ಟೈರುಗಳು ಅತಿವೇಗದಲ್ಲಿ ಸವೆದು ಹರಿದದ್ದೂ ಒಳ್ಳೆಯದೇ ಆಯಿತು, ಟೈರ್ ಮಾಡುವವರು ಅದರಿಂದ ಕಲಿತರು. ಹಾಕಿದ ದುಡ್ಡು ಎಲ್ಲಿ ಹೋಯಿತು ಎಂದು ಯಾರಾದರೂ ಕೇಳಿದರೆ ನಾನು ತೋರಿಸುವುದು ಇದನ್ನೇ.

ನಮ್ಮ ದೇಶದ ಕತೆಯೂ ಇದಕ್ಕೆ ಹತ್ತಿರವೇ. ಬೆಂಗಳೂರಿನ ಎಚ್‌ಎಎಲ್‌ನಲ್ಲಿ ಜರ್ಮನಿಯ ಕುರ್ಟ್ ಟ್ಯಾಂಕ್ ಮುಂದಾಳತ್ವದಲ್ಲಿ ಎಚ್‌ಎಫ್-24 ಮಾರುತ ಯುದ್ಧವಿಮಾನ ವಿನ್ಯಾಸವಾಗುತ್ತಿದ್ದಾಗ, ಮೊದಲು ಅದೇ ಅಳತೆಯ, ಎಂಜಿನ್ ಇಲ್ಲದ ಮರದ ಗ್ಲೈಡರ್ ಮಾಡಿದರು. 1959ರಲ್ಲಿ ಡಕೋಟಾ ವಿಮಾನ ಅದನ್ನು ಹಗ್ಗ ಕಟ್ಟಿ ಮೇಲಕ್ಕೆ ಎಳೆದೊಯ್ದು ಬಿಡುತ್ತಿತ್ತು. ಲೋಹದ ಯಂತ್ರ ಕಟ್ಟುವ ಮೊದಲು ಆ ಆಕಾರ ಕಡಿಮೆ ವೇಗದಲ್ಲಿ ಹೇಗೆ ವರ್ತಿಸುತ್ತದೆ ಎಂದು ಮರದಲ್ಲೇ ತಿಳಿದುಕೊಂಡದ್ದು ನನಗೆ ಈಗಲೂ ಬಲು ಜಾಣತನದ ಕೆಲಸ ಅನಿಸುತ್ತದೆ. ನಿಜವಾದ ಮಾರುತ 1961ರ ಜೂನ್‌ನಲ್ಲಿ ಹಾರಿತು. ಆದರೆ ಎಕ್ಸ್-3ರ ಹಾಗೆಯೇ ಅದಕ್ಕೂ ತಕ್ಕ ಎಂಜಿನ್ ಕೊನೆಗೂ ಸಿಗಲಿಲ್ಲ. ಗ್ಲೈಡರನ್ನೂ ಮಾರುತವನ್ನೂ ಮೊದಲು ಹಾರಿಸಿದ ಸುರಂಜನ್ ದಾಸ್ 1970ರ ಜನವರಿಯಲ್ಲಿ, ಹೆಚ್ಚು ಬಲದ ಎಂಜಿನ್ನಿನ ಮಾರುತವನ್ನು ಪರೀಕ್ಷಿಸುತ್ತಲೇ ತೀರಿಕೊಂಡರು. ಬೆಂಗಳೂರಿನಲ್ಲಿ ಅವರ ಹೆಸರಿನ ರಸ್ತೆ ಇದೆ. ದಿನವೂ ಅಲ್ಲಿ ಓಡಾಡುವ ನಮ್ಮ ಊರಿನ ಹುಡುಗರಿಗೆ ಆ ಹೆಸರು ಯಾರದೆಂದು ನಾನು ಹೇಳುತ್ತಲೇ ಇರುತ್ತೇನೆ. 2009ರ ಮಾರ್ಚ್‌ನಲ್ಲಿ ಬಿಡದಿ ಬಳಿ ಎನ್‌ಎಎಲ್ ಎಂಬ ಸರ್ಕಾರಿ ವೈಮಾನಿಕ ಪ್ರಯೋಗಾಲಯದ ಸಣ್ಣ ಪ್ರಯಾಣಿಕ ವಿಮಾನ ಸರಸ್ ಬಿದ್ದು ಇಬ್ಬರು ಪೈಲಟ್‌ಗಳು ಮತ್ತು ಒಬ್ಬ ಎಂಜಿನಿಯರ್ ಸತ್ತರು. ಆಕಾಶದಲ್ಲಿ ಎಂಜಿನ್ ನಿಲ್ಲಿಸಿ ಮತ್ತೆ ಶುರು ಮಾಡುವ ಪರೀಕ್ಷೆ ಅದು. ಈ ಕೆಲಸದ ಬೆಲೆ ಕೋಟಿಗಳ ಲೆಕ್ಕದಲ್ಲಷ್ಟೇ ಇಲ್ಲ.

ಕಾರವಾರಕ್ಕೆ ಇನ್ನೂ ಹತ್ತಿರದ ಉದಾಹರಣೆ ನೌಕಾಪಡೆಯ ತೇಜಸ್. ಅರ್ಗಾದ ಕದಂಬ ನೌಕಾನೆಲೆಯನ್ನೇ ಮನೆ ಮಾಡಿಕೊಂಡಿರುವ ಐಎನ್‌ಎಸ್ ವಿಕ್ರಮಾದಿತ್ಯ ಎಂಬ ವಿಮಾನವಾಹಕ ಹಡಗು ನಿಮಗೆ ಗೊತ್ತೇ ಇದೆ. ಹಡಗಿನಿಂದ ಹಾರಲೆಂದು ತೇಜಸ್ಸಿನ ಮಾದರಿಗಳನ್ನು ಕಟ್ಟಿದರು. ಮೊದಲನೆಯದಾದ ಎನ್‌ಪಿ-1 ಹಾರಿದ್ದು 2012ರ ಏಪ್ರಿಲ್ 27ರಂದು. ಹಡಗಿನ ಡೆಕ್ಕಿಗೆ ವಿಮಾನ ಮೆಲ್ಲಗೆ ಇಳಿಯುವುದಿಲ್ಲ, ಹೆಚ್ಚುಕಮ್ಮಿ ಬೀಳುತ್ತದೆ. ಅದಕ್ಕೆ ಗಟ್ಟಿಯಾದ ಚಕ್ರದ ಕಾಲುಗಳು ಬೇಕು. ಪೈಲಟ್ಟಿಗೆ ಡೆಕ್ ಕಾಣಲು ಮೂಗು ಕೆಳಗೆ ಬಾಗಬೇಕು. ನಿಧಾನ ವೇಗದಲ್ಲೂ ತೇಲಲು ರೆಕ್ಕೆಯ ಬುಡದಲ್ಲಿ ಚಲಿಸುವ ಪಟ್ಟಿ ಬೇಕು. ಹೀಗೆ ತೂಕ ಏರುತ್ತಾ ಹೋಯಿತು. 2016ರ ಕೊನೆಗೆ ನೌಕಾಪಡೆ ‘ಇದು ಭಾರವಾಯಿತು, ನಮಗೆ ಆಗದು’ ಎಂಬ ನಿಲುವು ತಿಳಿಸಿತು.

ಅಲ್ಲಿಗೆ ಮುಗಿಯಬೇಕಿತ್ತು. ಮುಗಿಸಲಿಲ್ಲ. ಪಕ್ಕದ ಗೋವಾದಲ್ಲಿ ಹಡಗಿನ ಡೆಕ್ಕಿನಂತೆಯೇ ನೆಲದ ಮೇಲೆ ಕಟ್ಟಿದ ಪರೀಕ್ಷಾ ತಾಣದಲ್ಲಿ 2019ರ ಸೆಪ್ಟೆಂಬರ್‌ನಲ್ಲಿ ವಿಮಾನ ಕೊಕ್ಕೆ ಇಳಿಬಿಟ್ಟು ತಂತಿ ಹಿಡಿದು ನಿಂತಿತು. 2020ರ ಜನವರಿ 11ರಂದು ಕಮೊಡೋರ್ ಜೈದೀಪ್ ಮಾವಳಂಕರ್ ಅದನ್ನು ವಿಕ್ರಮಾದಿತ್ಯದ ಡೆಕ್ಕಿಗೇ ಇಳಿಸಿದರು. ಗಂಟೆಗೆ ಸುಮಾರು 240 ಕಿಲೋಮೀಟರ್ ವೇಗದಿಂದ ಸುಮಾರು 90 ಮೀಟರಿನಲ್ಲಿ ನಿಲ್ಲುವುದು ಅದು. ಮರುದಿನ ಅಲ್ಲಿಂದಲೇ ತುದಿ ಮೇಲಕ್ಕೆ ಬಾಗಿದ ಡೆಕ್ ಏರಿ ಹಾರಿತು. 2023ರ ಫೆಬ್ರುವರಿಯಲ್ಲಿ ಇನ್ನೊಂದು ವಿಮಾನವಾಹಕ ಹಡಗು ವಿಕ್ರಾಂತದ ಮೇಲೂ ಇಳಿಯಿತು. ನೌಕಾಪಡೆ ಆ ವಿಮಾನವನ್ನು ಕೊಳ್ಳುವುದಿಲ್ಲ. ಆದರೆ ಡೆಕ್ಕಿಗೆ ವಿಮಾನ ಇಳಿಸುವ ನಿಯಂತ್ರಣ ವ್ಯವಸ್ಥೆಯನ್ನು ನಮ್ಮವರೇ ಬರೆಯಬಲ್ಲರು ಎಂಬ ಉತ್ತರ ಸಿಕ್ಕಿದೆ. ಮುಂದೆ ಬರಬೇಕಾದ ಎರಡು ಎಂಜಿನ್ನಿನ ನೌಕಾ ಯುದ್ಧವಿಮಾನದ ವಿನ್ಯಾಸ ನಿಂತಿರುವುದು ಆ ಉತ್ತರದ ಮೇಲೆ.

ಸರ್ಕಾರ, ಸೈನ್ಯ ಬಿಟ್ಟು ಇನ್ನೊಂದು ಬಗೆಯೂ ಇದೆ, ಅದನ್ನೂ ಹೇಳಿಬಿಡುತ್ತೇನೆ. ಅಮೆರಿಕದಲ್ಲಿ ಅರ್ಧಕ್ಕಿಂತ ಹೆಚ್ಚು ಕೆಲಸವನ್ನು ತಾವೇ ಮಾಡಿ ಮನೆಯಲ್ಲಿ ಕಟ್ಟಿದ ವಿಮಾನವನ್ನು ‘ಎಕ್ಸ್‌ಪೆರಿಮೆಂಟಲ್’ ಎಂದು ನೋಂದಾಯಿಸಿ ಹಾರಿಸಬಹುದು. 1970ರ ದಶಕದಲ್ಲಿ ಬರ್ಟ್ ರುಟಾನ್ ಎಂಬವರು ಇದಕ್ಕೊಂದು ಹೊಸ ದಾರಿ ತೋರಿಸಿದರು. ನಮ್ಮ ಬೈತಖೋಲ್ ಬಂದರಿನ ಫೈಬರ್ ದೋಣಿಯನ್ನು ಅಚ್ಚಿನೊಳಗೆ ಗಾಜಿನ ನಾರು, ರಾಳ ಹಚ್ಚಿ ಮಾಡುತ್ತಾರಲ್ಲ, ಹೆಚ್ಚುಕಮ್ಮಿ ಅದೇ ಸಾಮಗ್ರಿ. ರುಟಾನ್ ಅಚ್ಚನ್ನೇ ಬಿಟ್ಟರು. ಫೋಮನ್ನು ಬಿಸಿ ತಂತಿಯಿಂದ ರೆಕ್ಕೆಯ ಆಕಾರಕ್ಕೆ ಕತ್ತರಿಸಿ, ಅದರ ಮೇಲೇ ಗಾಜಿನ ಬಟ್ಟೆ ಮತ್ತು ಎಪಾಕ್ಸಿ ರಾಳ ಹಚ್ಚುವುದು, ಅಷ್ಟೇ. ಅವರೇ ವಿನ್ಯಾಸ ಮಾಡಿದ ವಾಯೇಜರ್ 1986ರ ಡಿಸೆಂಬರ್‌ನಲ್ಲಿ ಎಲ್ಲೂ ಇಳಿಯದೆ, ದಾರಿಯಲ್ಲಿ ಇಂಧನ ತುಂಬಿಸಿಕೊಳ್ಳದೆ ಒಂಬತ್ತು ದಿನಗಳಲ್ಲಿ ಭೂಮಿಯನ್ನು ಸುತ್ತಿತು.

ಇನ್ನು ಮಗಳ ವಿಷಯ. ಖಂಡಿತ ಹೋಗಬಹುದು. ಪೈಲಟ್ ಆಗಲೇಬೇಕೆಂದಿಲ್ಲ. ಪರೀಕ್ಷಾ ಹಾರಾಟದಲ್ಲಿ ಏನನ್ನು ಅಳೆಯಬೇಕು, ಯಾವ ಹಂತದಲ್ಲಿ ನಿಲ್ಲಿಸಬೇಕು ಎಂದು ನಿರ್ಧರಿಸುವ ಫ್ಲೈಟ್ ಟೆಸ್ಟ್ ಎಂಜಿನಿಯರ್ ಎಂಬ ಕೆಲಸವೇ ಇದೆ. ಅವರಿಗೂ ಪರೀಕ್ಷಾ ಪೈಲಟ್‌ಗಳಿಗೂ ತರಬೇತಿ ಕೊಡುವ ವಾಯುಪಡೆಯ ಶಾಲೆ ಬೆಂಗಳೂರಿನಲ್ಲೇ ಇದೆ. ಅದಕ್ಕೆ ಮೊದಲು ಏರೋನಾಟಿಕಲ್, ಮೆಕ್ಯಾನಿಕಲ್ ಅಥವಾ ಎಲೆಕ್ಟ್ರಾನಿಕ್ಸ್‌ನಲ್ಲಿ ಬಿಇ ಮುಗಿಸಿ ಎಚ್‌ಎಎಲ್, ಎನ್‌ಎಎಲ್, ಡಿಆರ್‌ಡಿಒ ಅಥವಾ ಸೇನೆಯ ತಾಂತ್ರಿಕ ಶಾಖೆ ಸೇರಬೇಕು. ಈಗಿನಿಂದಲೇ ಗಣಿತ ಗಟ್ಟಿಯಾಗಲಿ, ಅದರಲ್ಲೂ ಕ್ಯಾಲ್ಕುಲಸ್ ಮತ್ತು ವೆಕ್ಟರ್. ಜೊತೆಗೆ ಥರ್ಮೋಕೋಲ್ ಹಾಳೆಯಿಂದ ಒಂದು ಗ್ಲೈಡರ್ ಮಾಡಲು ಹೇಳಿ. ಮೂಗಿಗೆ ಒಂದು ಕ್ಲಿಪ್ ಸಿಕ್ಕಿಸಿ, ಗಾಳಿಯಿಲ್ಲದ ಜಾಗದಲ್ಲಿ ಒಂದೇ ಎತ್ತರದಿಂದ ಎಸೆದು ದೂರ ಬರೆದಿಡಲಿ. ಆಮೇಲೆ ಕ್ಲಿಪ್ಪನ್ನು ಒಂದು ಸೆಂಟಿಮೀಟರ್ ಹಿಂದೆ ಸರಿಸಿ ಮತ್ತೆ ಎಸೆಯಲಿ. ಒಂದು ಸಲಕ್ಕೆ ಒಂದನ್ನೇ ಬದಲಿಸಬೇಕು, ಕೆಟ್ಟದಾಗಿ ಹಾರಿದ್ದನ್ನೂ ಬರೆಯಬೇಕು. ಆ ಪಟ್ಟಿಯನ್ನು ಇಲ್ಲಿ ಹಾಕಿದರೆ ನಾನು ನೋಡಿ ಖಂಡಿತ ಉತ್ತರ ಬರೆಯುತ್ತೇನೆ.