ಪಪೈರಸ್ ಚಿತ್ರ ಅಸಲಿಯೋ ನಕಲಿಯೋ?

ಪ್ರಶ್ನೆ: ಈಜಿಪ್ಟ್ ಪ್ರವಾಸಕ್ಕೆ ಹೋಗಿದ್ದ ಅಕ್ಕ ಪಪೈರಸ್ ಎಂಬ ಗಿಡದಿಂದ ಮಾಡಿದ ಹಾಳೆಯ ಮೇಲಿನ ಒಂದು ಚಿತ್ರ ತಂದುಕೊಟ್ಟಿದ್ದಾರೆ. ಅಲ್ಲಿ ಬಾಳೆ ನಾರಿನ ನಕಲಿಯನ್ನೂ ಮಾರುತ್ತಾರಂತೆ. ಅಸಲಿ ಅಂತ ತಿಳಿಯುವುದು ಹೇಗೆ? ಹಿಂದಿನವರು ಇದನ್ನು ಹೇಗೆ ಮಾಡುತ್ತಿದ್ದರು?

ಉತ್ತರ: ಬೆಳಕಿಗೆ ಹಿಡಿದು ನೋಡಿ. ಅಡ್ಡ ಒಂದು ಪದರ, ಉದ್ದ ಒಂದು ಪದರ, ಎರಡರ ಪಟ್ಟಿಗಳೂ ಒಂದನ್ನೊಂದು ಹಾಯುವುದು ಕಾಣಬೇಕು. ನಿಧಾನಕ್ಕೆ ಸುರುಳಿ ಸುತ್ತಿ ನೋಡಿ. ನಕಲಿಯಾದರೆ ಸಾಮಾನ್ಯವಾಗಿ ಬೇಗ ಬಿರುಕು ಬಿಡುತ್ತದೆ.

ಆ ಅಡ್ಡ-ಉದ್ದ ಪದರಗಳಲ್ಲೇ ತಯಾರಿಕೆಯ ಗುಟ್ಟಿದೆ. ಪಪೈರಸ್ ನಮ್ಮ ಗದ್ದೆಯ ಜೇಕಿನ ಬಳಗದ್ದು. ಆದರೆ ನೈಲ್ ನದಿಯ ಜೌಗಿನಲ್ಲಿ ಎರಡಾಳು ಎತ್ತರಕ್ಕೂ ಮೀರಿ ಬೆಳೆಯುತ್ತಿತ್ತು. ಮೂರು ಮೂಲೆಯ ಕಾಂಡದ ಹಸಿರು ಸಿಪ್ಪೆ ಸುಲಿದರೆ ಒಳಗೆ ಬಿಳಿ ತಿರುಳು. ಅದನ್ನು ತೆಳ್ಳಗೆ ಉದ್ದುದ್ದ ಸೀಳಿ ಪಕ್ಕಪಕ್ಕ ಜೋಡಿಸುವುದು, ಮೇಲೆ ಇನ್ನೊಂದು ಪದರ ಅಡ್ಡಡ್ಡ ಹಾಸುವುದು, ಆಮೇಲೆ ಬಡಿದೋ ಭಾರ ಹೇರಿಯೋ ಒಣಗಿಸುವುದು. ತಿರುಳು ಹಸಿಯಾಗಿದ್ದರೆ ಬೇರೆ ಅಂಟು ಬೇಕಿಲ್ಲ, ಅದರ ರಸವೇ ಹಿಡಿದುಕೊಳ್ಳುತ್ತದೆ. ಹಾಳೆಗಳನ್ನು ಒಂದಕ್ಕೊಂದು ಅಂಟಿಸಿದರೆ ಸುರುಳಿ. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಒಂದು ಸುರುಳಿ 40 ಮೀಟರಿಗೂ ಉದ್ದವಿತ್ತು!

ತಮಾಷೆ ಏನೆಂದರೆ, ಎಲ್ಲವನ್ನೂ ಬರೆದಿಟ್ಟ ಈಜಿಪ್ಟಿನವರು ಇದನ್ನು ಮಾಡುವ ವಿಧಾನವನ್ನು ಮಾತ್ರ ಬರೆದಿಟ್ಟದ್ದು ಸಿಕ್ಕಿಲ್ಲ. ನಮಗೆ ಸಿಕ್ಕಿರುವ ಹಳೆಯ ವಿವರಣೆ ರೋಮಿನ ಲೇಖಕ ಪ್ಲಿನಿಯದು, ಒಂದನೇ ಶತಮಾನದ್ದು. ಕಾಲಕ್ರಮದಲ್ಲಿ ಕಸುಬು ನಿಂತೇಹೋಯಿತು. 1960ರ ದಶಕದಲ್ಲಿ ಹಸನ್ ರಗಬ್ ಎಂಬ ಈಜಿಪ್ಟಿನ ಇಂಜಿನಿಯರ್ ಸುಡಾನಿನಿಂದ ಗಿಡ ತರಿಸಿ ಮತ್ತೆ ಶುರುಮಾಡಿದರು. ಇವತ್ತು ಅಂಗಡಿಗಳಲ್ಲಿ ಮಾಡಿ ತೋರಿಸುವುದು ಅವರು ರೂಢಿಗೆ ತಂದ ಕ್ರಮ.

ಪಪೈರಸ್ ಅಂದ ಕೂಡಲೇ ಸಮಾಧಿಯಲ್ಲಿಡುತ್ತಿದ್ದ ಮಂತ್ರದ ಸುರುಳಿಗಳು ನೆನಪಾಗುತ್ತವೆ, ಅಲ್ವಾ? ನನ್ನ ಮಟ್ಟಿಗೆ ಅದಕ್ಕಿಂತ ದೊಡ್ಡದು ಲೆಕ್ಕಪತ್ರ. 2013ರಲ್ಲಿ ಕೆಂಪು ಸಮುದ್ರದ ದಡದ ವಾದಿ ಅಲ್-ಜರ್ಫ್‌ನಲ್ಲಿ ಸುಮಾರು 4,500 ವರ್ಷ ಹಳೆಯ ದಿನಚರಿ ಸಿಕ್ಕಿತು. ಮೆರೆರ್ ಎಂಬ ಮೇಸ್ತ್ರಿಯದು. ತುರಾದ ಗಣಿಯಿಂದ ಗೀಜಾಕ್ಕೆ, ಖುಫು ರಾಜನ ಪಿರಮಿಡ್ಡಿಗಾಗಿ, ದೋಣಿಯಲ್ಲಿ ಸುಣ್ಣಕಲ್ಲು ಸಾಗಿಸಿದ ದಿನದಿನದ ವರದಿ ಅದರಲ್ಲಿದೆ. ಅಷ್ಟು ದೊಡ್ಡ ಕೆಲಸ ಸುಮ್ನೆ ಬಾಯಿಲೆಕ್ಕದಲ್ಲಿ ನಡೆಯುವಂಥದ್ದಲ್ಲ.

ನಮಗೂ ಇದರಲ್ಲಿ ಒಂದು ಎಳೆ ಇದೆ. ಈಜಿಪ್ಟಿನ ಆಕ್ಸಿರಿಂಕಸ್ ಊರಿನ ಹಳೆಯ ತಿಪ್ಪೆಗಳಲ್ಲಿ ಸಿಕ್ಕ ಪಪೈರಸ್‌ಗಳಲ್ಲಿ ಒಂದು ಗ್ರೀಕ್ ಪ್ರಹಸನವಿದೆ. ಕಥೆ ನಡೆಯುವುದು ಭಾರತದ ಕರಾವಳಿಯಲ್ಲಿ. ಅಲ್ಲಿನ ಪಾತ್ರಗಳು ಆಡುವ ಮಾತು ಹಳೆಯ ಕನ್ನಡ ಎಂದು 1904ರಲ್ಲಿ ಹುಲ್ಟ್ಜ್ ಎಂಬ ಜರ್ಮನ್ ವಿದ್ವಾಂಸರು ಹೇಳಿದರು. ಅಲ್ಲ, ತುಳು ಎಂದವರೂ ಇದ್ದಾರೆ, ಅರ್ಥವಿಲ್ಲದ ಗದ್ದಲ ಎಂದವರೂ ಇದ್ದಾರೆ. ಜಗಳ ಇನ್ನೂ ಮುಗಿದಿಲ್ಲ.