ಓದುಗರ ಪ್ರಶ್ನೆ, ಅಕ್ಕನ ಉತ್ತರ: ಚಿನ್ನೂನ ಚಿಕಾಗೋಗೆ ಪಾರ್ಸೆಲ್ ಮಾಡ್ಬಹುದಾ?

ಪ್ರಶ್ನೆ: ನಮಸ್ಕಾರ ಅಕ್ಕಾ. ನಾವು ದಾವಣಗೆರೆ ಕಡೆಯವ್ರು, 6 ವರ್ಷದಿಂದ ಅರಿಜೋನಾದ ಫೀನಿಕ್ಸ್‌ನಲ್ಲಿದೀವಿ. ನಮ್ಮ ಯಜಮಾನ್ರಿಗೆ ಚಿಕಾಗೋದಲ್ಲಿ ಹೊಸ ಕೆಲ್ಸ ಸಿಕ್ಕಿದೆ, ಜನವರಿ ಎರಡನೇ ವಾರ ಶಿಫ್ಟ್ ಆಗ್ತಿದೀವಿ. ಸಾಮಾನು ಮೂವರ್ಸ್ ಜೊತೆ, ಕಾರು ಟ್ರಕ್ ಮೇಲೆ, ನಾವು ಫ್ಲೈಟಲ್ಲಿ. ನಮ್ಮ ಮಗನ ಹತ್ರ 4 ವರ್ಷದ ಲೆಪರ್ಡ್ ಗೆಕ್ಕೋ (ಮೈ ಮೇಲೆ ಚುಕ್ಕೆ ಇರೋ ಒಂದು ಜಾತಿ ಸಾಕು ಹಲ್ಲಿ) ಇದೆ, ಹೆಸರು ಚಿನ್ನು. ಏರ್‌ಲೈನ್‌ನವ್ರು ಕ್ಯಾಬಿನ್ ಒಳಗೆ ಬಿಡಲ್ಲ ಅಂದ್ರು. ಬಾಕ್ಸಲ್ಲಿಟ್ಟು ಕೊರಿಯರ್ ಮಾಡ್ಬಹುದು ಅಂತ ಯಾರೋ ಹೇಳಿದ್ರು, ಜೀವ ಇರೋದನ್ನ ಪಾರ್ಸೆಲ್ ಮಾಡೋದಾ ಅಂತ ನನಗೆ ಕರುಳು ಚುರುಕ್ ಅನ್ನುತ್ತೆ. ಮಗ ಊಟ ಸರಿಯಾಗಿ ಮಾಡ್ತಿಲ್ಲ. ಏನ್ ಮಾಡ್ಲಿ?
(ಫೀನಿಕ್ಸ್‌ನಿಂದ ಒಬ್ಬ ತಾಯಿ)

ಉತ್ತರ: ನಿಮ್ಮ ಪತ್ರ ಓದಿ ಮೊದ್ಲು ಖುಷಿ ಆಯ್ತು ಕಣಮ್ಮ, ಯಾಕಂದ್ರೆ ಊರು ಬಿಡುವಾಗ ಇಂಥ ಪ್ರಾಣಿನ ಯಾರಿಗೋ ಕೊಟ್ಟು ಕೈ ತೊಳ್ಕೊಳ್ಳೋರೇ ಜಾಸ್ತಿ. ಕೊರಿಯರ್ ಮಾಡ್ಬಹುದು, ಅಮೆರಿಕದಲ್ಲಿ ಗೆಕ್ಕೋ, ಹಾವು ಎಲ್ಲ ಒಂದೂರಿಂದ ಇನ್ನೊಂದೂರಿಗೆ ಹೀಗೇ ರಾತ್ರೋರಾತ್ರಿ ಹೋಗ್ತವೆ, ಸರಿಯಾಗಿ ಮಾಡಿದ್ರೆ ಹುಷಾರಾಗೇ ತಲುಪ್ತವೆ. ಆದ್ರೆ ಜನವರಿಯಲ್ಲಿ ಕಳಿಸ್ಬೇಡಿ. ಫೀನಿಕ್ಸ್‌ನಲ್ಲಿ ನಂಬಿಕಸ್ತ ಸ್ನೇಹಿತ್ರ ಮನೇಲಿ, ಅದರದ್ದೇ ಟ್ಯಾಂಕು ಹೀಟರ್ ಸಮೇತ ಚಿನ್ನೂನ ಬಿಟ್ಟು ಹೋಗಿ, ಏಪ್ರಿಲಲ್ಲಿ ತರಿಸ್ಕೊಳ್ಳಿ. ಸಣ್ಣದೊಂದು ಟ್ಯಾಂಕನ್ನ ಮೂವರ್ಸ್ ಲಾರಿಗೆ ಹಾಕ್ದೇ ಉಳಿಸಿದ್ರೆ ಆಯ್ತು.

ಯಾಕೆ ಅಂತ ಹೇಳ್ತೀನಿ. ನಮಗೆ ನಿಮಗೆ ಮೈ ಒಳಗೇ ಒಲೆ ಇದೆ, ಚಳಿ ಆದ್ರೂ ಮೈ 37 ಡಿಗ್ರಿಲೇ ಇರುತ್ತೆ. ಗೆಕ್ಕೋಗೆ ಆ ಒಲೆ ಇಲ್ಲ. ಸುತ್ತ ಎಷ್ಟು ಬಿಸಿಯೋ ಅದ್ರ ಮೈನೂ ಅಷ್ಟೇ, ಮನೇಲಿ ತಣ್ಣಗಾದ್ರೆ ಟ್ಯಾಂಕಿನ ಬಿಸಿ ಕಡೆಗೆ ಹೋಗಿ ಮಲಗುತ್ತೆ, ಸೆಕೆ ಆದ್ರೆ ಈಚೆ ಬರುತ್ತೆ. ಡಬ್ಬಿ ಒಳಗೆ ಹಾಗೆ ಓಡಾಡೋಕೆ ಜಾಗ ಎಲ್ಲಿದೆ? ಆ ಒಂದು ರಾತ್ರಿ ಡಬ್ಬಿ ಒಳಗಿನ ಹವಾನೇ ಅದ್ರ ಪ್ರಪಂಚ, ಆ ಹವಾ ಮಾಡಿಕೊಡೋ ಜವಾಬ್ದಾರಿ ಪೂರ್ತಿ ನಿಮ್ಮದು. ಇನ್ನು ದಾರಿ ನೋಡಿ, ಫೀನಿಕ್ಸ್ ಚಿಕಾಗೋ ಎರಡು ಊರಿನ ಹವಾ ನೋಡಿದ್ರೆ ಸಾಲ್ದು, ಫೆಡ್‌ಎಕ್ಸ್ ಕೊರಿಯರ್ ಕಂಪನಿಗೆ ಕೊಟ್ಟ ಡಬ್ಬಿ ಬಹಳ ಸಲ ರಾತ್ರಿ ಮೆಂಫಿಸ್‌ನ ದೊಡ್ಡ ಹಬ್‌ಗೋ ಇಂಡಿಯಾನಾಪೊಲಿಸ್‌ಗೋ ಹೋಗಿ, ಅಲ್ಲಿ ವಿಂಗಡಣೆ ಆಗಿ, ಬೇರೆ ವಿಮಾನ ಹತ್ತುತ್ತೆ. ಹಾಗಾಗಿ ಮೂರು ಊರಿನ ರಾತ್ರಿ ಟೆಂಪರೇಚರ್ ನೋಡ್ಬೇಕು. ಯಾವ ಕಡೆನೇ ಆಗ್ಲಿ ಸುಮಾರು 4 ಡಿಗ್ರಿಗಿಂತ ಕೆಳಗೆ, ಅಥವಾ 32 ಡಿಗ್ರಿಗಿಂತ ಮೇಲೆ ಇದ್ರೆ ಆ ವಾರ ಬೇಡ ಅನ್ನೋದು ಸಾಕೋರು ಇಟ್ಕೊಂಡಿರೋ ಲೆಕ್ಕ. ಜನವರಿ ಚಿಕಾಗೋ ರಾತ್ರಿಗಳು ಮೈನಸ್ಸಲ್ಲೇ ಇರ್ತವೆ, ಮೇಲಿಂದ ಹಿಮ ಬಿದ್ದು ವಿಮಾನ ಲೇಟಾದ್ರೆ ಒಂದು ರಾತ್ರಿ ಎರಡಾಗುತ್ತೆ. ತುಂಬಾ ತಡ ಮಾಡಿದ್ರೂ ಕಷ್ಟ, ಮೇ ಬಂದ್ರೆ ನಿಮ್ಮ ಫೀನಿಕ್ಸ್‌ನಲ್ಲಿ ಹಗಲಿಡೀ ಬೆಂಕಿ. ಅದಕ್ಕೇ ಏಪ್ರಿಲ್ ಅಂದಿದ್ದು, ಅದ್ರಲ್ಲೂ ಮೂರೂ ಕಡೆ ಹದವಾಗಿರೋ ಒಂದು ವಾರ ಆರಿಸ್ಕೊಳ್ಳಿ.

ನಾನು ಇಷ್ಟು ಖಡಾಖಂಡಿತವಾಗಿ ಹೇಳೋಕೆ ಕಾರಣ ಇದೆ. ಬಹಳ ವರ್ಷದ ಹಿಂದೆ ಫೆಬ್ರವರಿಯಲ್ಲಿ ಒಂದು ಕಾರ್ನ್ ಸ್ನೇಕ್‌ನ (ವಿಷ ಇಲ್ಲದ ಸಾಕು ಹಾವು) ಗೆಳತಿಗೆ ಕಳಿಸಿದ್ದೆ, ಎರಡು ದಿನ ಕಾದಿದ್ರೆ ಹವಾ ಸರಿಹೋಗ್ತಿತ್ತು, ನನಗೇ ಅವಸರ. ಬಟ್ಟೆ ಚೀಲ, ಥರ್ಮಾಕೋಲು, ಹೀಟ್ ಪ್ಯಾಕು ಎಲ್ಲ ಇತ್ತು. ಹೀಟ್ ಪ್ಯಾಕು ಅಲ್ಲಾಡಬಾರದು ಅಂತ ಅದ್ರ ಮುಖದ ಮೇಲೆಲ್ಲ ಟೇಪ್ ಅಂಟಿಸಿಬಿಟ್ಟಿದ್ದೆ, ಡಬ್ಬಿಗೂ ಒಂದು ತೂತು ಮಾಡಿರಲಿಲ್ಲ. ಹಿಮಕ್ಕೆ ವಿಮಾನ ಲೇಟಾಗಿ ಮಾರನೇ ದಿನ ಬೆಳಿಗ್ಗೆ ಬರ್ಬೇಕಾದ್ದು ಸಂಜೆ ಬಂತು. ಗೆಳತಿ ಫೋನಲ್ಲೇ ಇದ್ಲು, ಚೀಲ ಬಿಚ್ಚಿ "ಹಗ್ಗದ ಥರ ಇದೆ ಕಣೇ, ಅಲ್ಲಾಡ್ತಾನೇ ಇಲ್ಲ" ಅಂದ್ಲು. ಆಮೇಲೆ ಆ ಹೀಟ್ ಪ್ಯಾಕಿನ ಟೇಪ್ ಕಿತ್ತು ಕೈಯಲ್ಲಿ ಹಿಡ್ಕೊಂಡ್ಲಂತೆ, ಸ್ವಲ್ಪ ಹೊತ್ತಿಗೆ ಅದು ಅವಳ ಅಂಗೈಯಲ್ಲಿ ಬಿಸಿ ಆಗೋಕೆ ಶುರುವಾಯ್ತು! ಅಂದ್ರೆ ದಾರಿಯುದ್ದಕ್ಕೂ ಖರ್ಚಾಗ್ಬೇಕಿದ್ದ ಬಿಸಿ ಹಾಗೇ ಕೂತಿತ್ತು. ಆ ಪ್ಯಾಕಲ್ಲಿರೋದು ಕಬ್ಬಿಣದ ಪುಡಿ, ಅದು ಗಾಳಿ ಕುಡಿದು ತುಕ್ಕು ಹಿಡಿಯುವಾಗ ಬಿಸಿ ಹುಟ್ಟುತ್ತೆ. ಗಾಳಿ ಇಲ್ಲ ಅಂದ್ರೆ ಬಿಸಿನೂ ಇಲ್ಲ. ಗೆಳತಿ ಹಾವನ್ನ ದೀಪದ ಕೆಳಗೆ ಇಡದೆ ಬಚ್ಚಲುಮನೆ ಬಾಗ್ಲು ಹಾಕಿ ಮಾಮೂಲಿ ರೂಮಿನ ಬಿಸಿಯಲ್ಲೇ ಬಿಟ್ಲು, ಮೂರು ತಾಸಾದ ಮೇಲೆ ನಾಲಿಗೆ ಹೊರಗೆ ಬಂತು. ಬದುಕ್ತು, ಆದ್ರೆ ಉಸಿರಾಟದ ಸೋಂಕಾಗಿ ವಾರಗಟ್ಟಲೆ ಡಾಕ್ಟ್ರ ಹತ್ರ ಓಡಾಡಿದ್ಲು ಪಾಪ. ಆ ಫೋನು ನನಗೆ ಇವತ್ತಿಗೂ ಮರೆತಿಲ್ಲ.

ಹಾಗಾಗಿ ಏಪ್ರಿಲಲ್ಲಿ ನಿಮ್ಮ ಸ್ನೇಹಿತ್ರು ಏನು ಮಾಡ್ಬೇಕು ಅಂತ ವಿವರವಾಗಿ ಬರೀತೀನಿ, ಈ ಪತ್ರ ಅವ್ರಿಗೇ ಓದಿ ಹೇಳಿ.

ಗೆಕ್ಕೋನ ತೂತಿರೋ ಪ್ಲಾಸ್ಟಿಕ್ ಡಬ್ಬಿಯಲ್ಲಿಡ್ಬೇಕು, ಹೋಟೆಲಲ್ಲಿ ಸಾರು ಪಾರ್ಸೆಲ್ ಕೊಡ್ತಾರಲ್ಲ ಆ ಥರದ್ದು, ಮೈ ತಿರುಗಿಸೋಕೆ ಆಗೋಷ್ಟು ಜಾಗ ಸಾಕು, ತುಂಬಾ ದೊಡ್ಡದಾದ್ರೆ ಒಳಗೇ ಎತ್ತಾಕಿದಂಗೆ ಆಗುತ್ತೆ. ತೂತು ಒಳಗಿಂದ ಹೊರಗೆ ಚುಚ್ಚಿ, ಇಲ್ದಿದ್ರೆ ಚೂಪು ಅಂಚು ಒಳಗೆ ಉಳಿದು ಮೈ ತರಚುತ್ತೆ. ತಳಕ್ಕೆ ಪೇಪರ್ ಟವೆಲ್ ಮಡಚಿ ಹಾಕಿ, ಒದ್ದೆ ಮಾಡ್ಬೇಡಿ, ಇದು ಒಣ ಸೀಮೆ ಪ್ರಾಣಿ, ಒದ್ದೆ ಬಟ್ಟೆ ಅಂದ್ರೆ ಚಳಿ. ಈ ಡಬ್ಬಿ ಒಂದು ರಟ್ಟಿನ ಪೆಟ್ಟಿಗೆ ಒಳಗೆ ಹೋಗ್ಬೇಕು, ಪೆಟ್ಟಿಗೆಯ ಆರೂ ಮುಖಕ್ಕೆ ಸುಮಾರು 2 ಸೆಂಟಿಮೀಟರ್ ದಪ್ಪ ಥರ್ಮಾಕೋಲು ಇರ್ಬೇಕು, ಸುತ್ತ ನ್ಯೂಸ್‌ಪೇಪರ್ ಮುದುರಿ ತುಂಬಿ ಅಲ್ಲಾಡಿಸಿದ್ರೂ ಸದ್ದು ಬರ್ಬಾರ್ದು. ಪೆಟ್ಟಿಗೆಗೆ ಪೆನ್ಸಿಲ್ ಗಾತ್ರದ ಎರಡು ಮೂರು ತೂತು. ರಾತ್ರಿ ಚಳಿ ಇದ್ರೆ 40 ಗಂಟೆದು ಅಂತ ಮಾರೋ ಹೀಟ್ ಪ್ಯಾಕನ್ನ ಒಂದು ಗಂಟೆ ಮುಂಚೆ ಬಿಚ್ಚಿ, ಬಿಸಿ ಬಂತಾ ನೋಡಿ, ಪೇಪರಲ್ಲಿ ಸುತ್ತಿ, ಪೆಟ್ಟಿಗೆ ಮುಚ್ಚಳದ ಒಳಗಡೆ, ಪ್ಯಾಕಿನ ಅಂಚಿಗೆ ಮಾತ್ರ ಟೇಪ್ ಹಾಕಿ ಅಂಟಿಸ್ಬೇಕು, ಗೆಕ್ಕೋ ಡಬ್ಬಿಗೆ ತಾಗ್ಬಾರ್ದು. ದಾರೀಲಿ ಎಲ್ಲೂ 20 ಡಿಗ್ರಿಗಿಂತ ಕೆಳಗೆ ಇಳಿಯಲ್ಲ ಅಂದ್ರೆ ಹೀಟ್ ಪ್ಯಾಕ್ ಹಾಕ್ಲೇಬೇಡಿ. ಚಳಿ ಆದ್ರೆ ಪ್ರಾಣಿ ಮಂಕಾಗುತ್ತೆ, ಸ್ವಲ್ಪ ಹೊತ್ತು ತಡ್ಕೊಳ್ಳುತ್ತೆ, ಆದ್ರೆ ಮುಚ್ಚಿದ ಡಬ್ಬಿಲಿ ಬಿಸಿ ಏರಿದ್ರೆ ಬೇಗ ಪ್ರಾಣ ಹೋಗುತ್ತೆ.

ಇನ್ನೊಂದು ಮಾತು ದಯವಿಟ್ಟು ಬಿಡ್ಬೇಡಿ. ಕಳಿಸೋ ಹಿಂದಿನ ವಾರ ಇಡೀ ಪೆಟ್ಟಿಗೆ ಹೀಗೇ ಕಟ್ಟಿ, ಗೆಕ್ಕೋ ಬದ್ಲು ಒಂದು ಡಿಜಿಟಲ್ ಥರ್ಮಾಮೀಟರ್ ಇಟ್ಟು ರಾತ್ರಿಯೆಲ್ಲ ಬಾಲ್ಕನಿಯಲ್ಲಿಡಿ. ಬೆಳಿಗ್ಗೆ ನೋಡಿದಾಗ ಕನಿಷ್ಠ ಗರಿಷ್ಠ ಎರಡೂ 20ರಿಂದ 27ರ ಒಳಗಿದ್ರೆ ನಿಮ್ಮ ಪೆಟ್ಟಿಗೆ ಸರಿ ಇದೆ.

ಹೊಟ್ಟೆ ವಿಷ್ಯ: ಕೊನೇ ಊಟ ಆಗಿ ಮೂರ್ನಾಲ್ಕು ದಿನ ಆಗಿರ್ಬೇಕು, ಕಕ್ಕ ಮಾಡಿರ್ಬೇಕು. ಅಯ್ಯೋ ಹಸಿವಲ್ಲಿ ಕಳಿಸೋದಾ ಅನ್ಸುತ್ತೆ, ನಮ್ಮಲ್ಲಿ ಬುತ್ತಿ ಕಟ್ಟದೆ ಯಾರನ್ನೂ ಕಳಿಸಲ್ಲ ಅಲ್ವಾ. ಆದ್ರೆ ಬಿಸಿ ಇಲ್ದಿದ್ರೆ ಇದಕ್ಕೆ ಊಟ ಅರಗಲ್ಲ, ತಿಂದ ಹುಳ ಹೊಟ್ಟೇಲೇ ಕೊಳೆಯುತ್ತೆ. ಅದ್ರ ಬುತ್ತಿ ಬಾಲದಲ್ಲಿದೆ, ದಪ್ಪ ಬಾಲದಲ್ಲಿ ಕೊಬ್ಬು ಶೇಖರಿಸಿಟ್ಟಿರುತ್ತೆ. ಅದೇ ಬಾಲ ಹಿಡಿದು ಮಾತ್ರ ಎತ್ಬೇಡಿ, ಗಾಬರಿಯಾದ್ರೆ ನಮ್ಮ ಮನೆ ಗೋಡೆ ಹಲ್ಲಿ ಹಾಗೇ ಕಳಚಿಬಿಡುತ್ತೆ. ಹಿಂದಿನ ದಿನ ನೀರು ಕುಡಿಸಿ, ಅಡುಗೆಮನೆ ತಕ್ಕಡಿಲಿ ತೂಕ ನೋಡಿ ಬರ್ದಿಟ್ಕೊಳ್ಳಿ.

ಕೊರಿಯರ್ ಬಗ್ಗೆ. ಸುಮ್ನೆ ಕೌಂಟರ್‌ಗೆ ಹೋಗಿ ಹಲ್ಲಿ ಇದೆ ಅಂದ್ರೆ ತಗೊಳ್ಳಲ್ಲ, ಒಳಗೇನಿದೆ ಅಂತ ಮುಚ್ಚಿಟ್ಟು ಕಳಿಸೋದು ತಪ್ಪು, ಪ್ರಾಣಿಗೂ ಅಪಾಯ. ಸರೀಸೃಪ ಕಳಿಸೋಕೆ ಅಂತಾನೇ ಫೆಡ್‌ಎಕ್ಸ್ ಜೊತೆ ಒಪ್ಪಂದ ಇರೋ ಆನ್‌ಲೈನ್ ಸರ್ವಿಸ್‌ಗಳಿವೆ, ಅವ್ರಿಂದ ಪ್ರಯಾರಿಟಿ ಓವರ್‌ನೈಟ್ (ಮಾರನೇ ಬೆಳಿಗ್ಗೆ ತಲುಪಿಸೋದು) ಲೇಬಲ್ ತಗೊಳ್ಳಿ, ಪೆಟ್ಟಿಗೆನೂ ಅವ್ರೇ ಮಾರ್ತಾರೆ. ಸರ್ಕಾರಿ ಅಂಚೆಯಲ್ಲಿ ಹಾವು, ಆಮೆ ಕಳಿಸೋ ಹಾಗೇ ಇಲ್ಲ, ಸಣ್ಣ ನಿರುಪದ್ರವಿ ಹಲ್ಲಿಗಳಿಗೆ ಅವಕಾಶ ಇದ್ರೂ ಮಾರನೇ ಬೆಳಿಗ್ಗೆ ತಲುಪೇ ತಲುಪುತ್ತೆ ಅನ್ನೋ ಖಾತ್ರಿ ಇಲ್ಲ, ನಾನಂತೂ ಒಪ್ಪಲ್ಲ. ಪೆಟ್ಟಿಗೆ ಮೇಲೆ ನಿರುಪದ್ರವಿ ಜೀವಂತ ಸರೀಸೃಪ ಅಂತ ಇಂಗ್ಲಿಷಲ್ಲಿ ಕಾಣೋ ಹಾಗೆ ಬರೀಬೇಕು, ಒಳಗೆ ಜಾತಿ ಹೆಸರು, ಎಷ್ಟಿವೆ ಅನ್ನೋ ಚೀಟಿ ಇರ್ಬೇಕು. ವನ್ಯಜೀವಿ ಸಾಗಣೆಗೆ ಅಲ್ಲಿ 1900ರಿಂದಲೂ ಲೇಸಿ ಆಕ್ಟ್ ಅಂತ ಕಾನೂನಿದೆ. ರಾಜ್ಯ ರಾಜ್ಯಕ್ಕೂ ನಿಯಮ ಬೇರೆ, ಹವಾಯಿಯಲ್ಲಿ ಹಾವು ಸಾಕೋದೇ ನಿಷೇಧ, ಅದಕ್ಕೆ ಹೊಸ ಊರಿನ ನಿಯಮ ಮತ್ತು ನೀವು ಬಾಡಿಗೆ ಹಿಡಿಯೋ ಅಪಾರ್ಟ್‌ಮೆಂಟಿನ ನಿಯಮ ಮೊದ್ಲೇ ಕೇಳ್ಕೊಳ್ಳಿ.

ಸೋಮವಾರ ಅಥವಾ ಮಂಗಳವಾರ ಕಳಿಸಿ, ಗುರುವಾರ ಶುಕ್ರವಾರ ಬೇಡವೇ ಬೇಡ, ಲೇಟಾದ್ರೆ ಶನಿವಾರ ಭಾನುವಾರ ಗೋಡೌನಲ್ಲಿ ಕೂರುತ್ತೆ. ಮತ್ತೆ ಮನೆ ಬಾಗಿಲಿಗೆ ತರಿಸ್ಬೇಡಿ. ಚಿಕಾಗೋದಲ್ಲಿ ನಿಮ್ಮ ಮನೆ ಹತ್ರದ ಫೆಡ್‌ಎಕ್ಸ್ ಶಿಪ್ ಸೆಂಟರ್‌ನಲ್ಲೇ ಹಿಡಿದಿಡಿ ಅಂತ ಲೇಬಲ್ ಮಾಡಿಸಿ, ಬೆಳಿಗ್ಗೆ ನೀವೇ ಹೋಗಿ ತನ್ನಿ. ಡೆಲಿವರಿ ವ್ಯಾನಿನ ಹಿಂದೆ ಮಧ್ಯಾಹ್ನದವರೆಗೂ ಸುತ್ತೋದು ತಪ್ಪುತ್ತೆ. ಮಗನ್ನ ಕರ್ಕೊಂಡು ಹೋಗಿ.

ಟ್ಯಾಂಕು ಹಿಂದಿನ ದಿನವೇ ರೆಡಿ ಇರ್ಲಿ, ಬಿಸಿ ಕಡೆ 32 ಡಿಗ್ರಿ ಬಂದಿರ್ಲಿ. ಪೆಟ್ಟಿಗೆ ಶಾಂತವಾದ ರೂಮಲ್ಲಿ ಬಿಚ್ಚಿ. ತಣ್ಣಗಿದ್ರೆ ದೀಪದ ಕೆಳಗೆ ಹಿಡೀಬೇಡಿ, ರೂಮಿನ ಬಿಸಿಗೆ ನಿಧಾನಕ್ಕೆ ಬರ್ಲಿ. ಆಮೇಲೆ ತೂಕ ನೋಡಿ, ಟ್ಯಾಂಕಿಗೆ ಬಿಟ್ಟು ನೀರಿಟ್ಟು ಬಾಗ್ಲು ಹಾಕ್ಕೊಂಡು ಬನ್ನಿ. ನಾಲ್ಕೈದು ದಿನ ಕೈಯಲ್ಲಿ ಎತ್ಕೊಳ್ಳೋ ಹಾಗಿಲ್ಲ ಅಂತ ಮಗನಿಗೆ ಈಗಿಂದ್ಲೇ ಹೇಳಿಡಿ, ಅದೇ ಅವ್ನಿಗೆ ಕಷ್ಟದ ಕೆಲ್ಸ. ಒಂದು ವಾರ ತಿನ್ನದಿದ್ರೂ ಗಾಬರಿ ಬೇಡ, ಬಾಯಿ ತೆರೆದು ಉಸಿರಾಡಿದ್ರೆ ಅಥವಾ ಮೂಗಲ್ಲಿ ಗುಳ್ಳೆ ಬಂದ್ರೆ ಮಾತ್ರ ಅವತ್ತೇ ಸರೀಸೃಪ ನೋಡೋ ವೆಟ್ ಹತ್ರ ಹೋಗಿ.

ಪ್ರಶ್ನೆ: ಅಕ್ಕಾ, ನಮ್ಮ ತಂದೆ ತೋಟದಲ್ಲಿ ಸಿಕ್ಕ ನಕ್ಷತ್ರ ಆಮೆನ ಒಳ್ಳೇದಾಗುತ್ತೆ ಅಂತ ಮನೇಲಿ ಸಾಕ್ತಿದಾರೆ. ಪುಣೆಯಲ್ಲಿರೋ ತಂಗಿ ತನಗೆ ಬೇಕು ಅಂತಿದಾಳೆ. ಬಸ್ ಪಾರ್ಸೆಲಲ್ಲಿ ಕಳಿಸ್ಬಹುದಾ?
(ಚಿಂತಾಮಣಿಯಿಂದ ಒಬ್ಬರು)

ಉತ್ತರ: ಬೇಡಪ್ಪಾ, ಕಳಿಸೋದೂ ಬೇಡ, ಇಟ್ಕೊಳ್ಳೋದೂ ಬೇಡ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ನಕ್ಷತ್ರ ಆಮೆ ಈಗ ಮೊದಲನೇ ಶೆಡ್ಯೂಲ್‌ನಲ್ಲಿದೆ, ಹುಲಿಗಿರೋ ರಕ್ಷಣೆನೇ ಅದಕ್ಕೂ. ತಪ್ಪು ಸಾಬೀತಾದ್ರೆ 3ರಿಂದ 7 ವರ್ಷ ಜೈಲು, ದಂಡ ಬೇರೆ. ತಂದೆಯವ್ರು ಪ್ರೀತಿಯಿಂದ ಸಾಕಿದಾರೆ ಅಂತ ನನಗೆ ಗೊತ್ತಾಗುತ್ತೆ, ಆದ್ರೆ ನಿಮ್ಮ ಸೀಮೆ ಕುರುಚಲು ಕಾಡಿಂದ ಈ ಆಮೆಗಳನ್ನ ಗೋಣಿಚೀಲಕ್ಕೆ ತುಂಬಿ, ಸೂಟ್‌ಕೇಸಲ್ಲಿ ಒತ್ತಿ ವಿದೇಶಕ್ಕೆ ಸಾಗಿಸಿ ಸಾಗಿಸಿ 2019ರಲ್ಲಿ ಅಂತಾರಾಷ್ಟ್ರೀಯ ವ್ಯಾಪಾರನೇ ನಿಲ್ಲಿಸೋ ಪಟ್ಟಿಗೆ ಸೇರಿಸ್ಬೇಕಾಯ್ತು. ಹತ್ತಿರದ ವಲಯ ಅರಣ್ಯಾಧಿಕಾರಿ ಕಚೇರಿಗೆ ನೀವೇ ಹೋಗಿ ವಿಷಯ ಹೇಳಿ ಒಪ್ಪಿಸಿ. ಕದ್ದು ಯಾವುದೋ ಗುಡ್ಡದಲ್ಲಿ ಬಿಡ್ಬೇಡಿ, ಮನೇಲಿ ಸಾಕಿದ್ದಕ್ಕೆ ರೋಗ ಇದ್ರೆ ಕಾಡಲ್ಲಿರೋವಕ್ಕೂ ಅಂಟುತ್ತೆ.

ಪ್ರಶ್ನೆ: ನಾವು ಸ್ಯಾನ್ ಹೋಸೆಯಿಂದ ಕಾಯಂ ಆಗಿ ಬೆಂಗಳೂರಿಗೆ ವಾಪಸ್ ಬರ್ತಿದೀವಿ. ನಮ್ಮ ಬಾಲ್ ಪೈಥಾನ್‌ನ ತರಬಹುದಾ?

ಉತ್ತರ: ಬಾಲ್ ಪೈಥಾನ್ ಸೈಟಿಸ್ ಅನ್ನೋ ವನ್ಯಜೀವಿ ವ್ಯಾಪಾರದ ಅಂತಾರಾಷ್ಟ್ರೀಯ ಒಪ್ಪಂದದ ಎರಡನೇ ಪಟ್ಟಿಯಲ್ಲಿರೋ ಹಾವು. ಅಲ್ಲಿಂದ ಹೊರಡೋಕೆ ಸೈಟಿಸ್ ಪರ್ಮಿಟ್, ಇಲ್ಲಿಗೆ ಆಮದು ಮಾಡೋಕೆ ಅನುಮತಿ, ಬಂದ ಮೇಲೆ ಕೇಂದ್ರ ಪರಿಸರ ಸಚಿವಾಲಯದ ಪರಿವೇಶ್ ವೆಬ್‌ಸೈಟಲ್ಲಿ ನೋಂದಣಿ, ಇಷ್ಟೂ ಆಗ್ಬೇಕು. ಒಂದು ಕಾಗದ ತಪ್ಪಿದ್ರೂ ಹಾವು ಕಸ್ಟಮ್ಸ್‌ನಲ್ಲಿ ಸಿಕ್ಕಾಕೊಳ್ಳುತ್ತೆ, ಅದೂ ದಿನಗಟ್ಟಲೆ ವಿಮಾನ, ಗೋಡೌನ್ ಸುತ್ತಿ ಬಂದ ಮೇಲೆ. 2023ರ ಆಗಸ್ಟಲ್ಲಿ ಬ್ಯಾಂಕಾಕಿಂದ ಬೆಂಗಳೂರಿಗೆ ಬಂದ ಒಬ್ಬರ ಲಗೇಜಲ್ಲಿ 234 ಪ್ರಾಣಿ ಸಿಕ್ಕಿದ್ವು, ಪ್ಲಾಸ್ಟಿಕ್ ಡಬ್ಬಿಯಲ್ಲಿದ್ದ ಕಾಂಗರೂ ಮರಿ ಉಸಿರು ಕಟ್ಟಿ ಸತ್ತಿತ್ತು, ಹಾಗಾಗಿ ಕದ್ದು ತರೋ ಯೋಚನೆ ಯಾರಾದ್ರೂ ತಲೆಗೆ ತುಂಬಿದ್ರೆ ದಯವಿಟ್ಟು ಕೇಳ್ಬೇಡಿ. ನನ್ನ ಕೇಳಿದ್ರೆ ಅಲ್ಲೇ ಹಾವು ಸಾಕಿ ಅನುಭವ ಇರೋರ ಮನೆ ಹುಡುಕಿ. ಬಾಲ್ ಪೈಥಾನ್ 25, 30 ವರ್ಷ ಬದುಕೋ ಜೀವ, ಆರು ತಿಂಗಳು ಮುಂಚೆನೇ ಹುಡುಕೋಕೆ ಶುರು ಮಾಡಿ, ಅವ್ರ ಮನೆಗೆ ಎರಡು ಮೂರು ಸಲ ಹೋಗಿ ಟ್ಯಾಂಕು, ಬಿಸಿ, ಊಟ ಹೇಗಿದೆ ಅಂತ ನೋಡಿ, ಆಮೇಲೆ ನೀವೇ ಕಾರಲ್ಲಿ ಕೂರಿಸ್ಕೊಂಡು ಹೋಗಿ ಬಿಟ್ಟು ಬನ್ನಿ.