ಲೇಡಿ ಮ್ಯಾಕ್‌ಬೆತ್ ಕಿರೀಟ ಎತ್ತಿ ಹಿಡಿದಿರುವ ಆ ಚಿತ್ರದ ದೃಶ್ಯ ನಾಟಕದಲ್ಲಿ ಎಲ್ಲಿ ಬರುತ್ತದೆ?

ಎಲ್ಲೂ ಬರುವುದಿಲ್ಲ. ನೀವು ಕೇಳುತ್ತಿರುವುದು ಚಿತ್ರಕಾರ ಜಾನ್ ಸಿಂಗರ್ ಸಾರ್ಜೆಂಟ್ 1889ರಲ್ಲಿ ಬಿಡಿಸಿದ, ಲೇಡಿ ಮ್ಯಾಕ್‌ಬೆತ್ ವೇಷದಲ್ಲಿರುವ ನಟಿ ಎಲೆನ್ ಟೆರಿಯ ಚಿತ್ರ, ಈಗ ಲಂಡನ್ನಿನ ಟೇಟ್ ಬ್ರಿಟನ್ ಕಲಾ ಸಂಗ್ರಹಾಲಯದಲ್ಲಿದೆ. ಶೇಕ್ಸ್‌ಪಿಯರ್‌ನ ‘ಮ್ಯಾಕ್‌ಬೆತ್’ ನಾಟಕದಲ್ಲಿ ಲೇಡಿ ಮ್ಯಾಕ್‌ಬೆತ್ ತನ್ನ ಕೈಯಾರೆ ಕಿರೀಟ ಇಟ್ಟುಕೊಳ್ಳುವುದೇ ಇಲ್ಲ. ಆ ಭಂಗಿ ಚಿತ್ರಕಾರನ ಕಲ್ಪನೆ. ಆದರೆ ಗಂಡನನ್ನು ರಾಜನ ಕೊಲೆಗೆ ಹುರಿದುಂಬಿಸಿದವಳ ಆಸೆ ಇರುವುದೇ ಆ ಕಿರೀಟದಲ್ಲಿ ಅಲ್ವಾ? ಇಡೀ ಪಾತ್ರವನ್ನು ಒಂದೇ ಕ್ಷಣಕ್ಕೆ ಇಳಿಸಿದ್ದಾನೆ, ನನಗಂತೂ ಇದು ಯಾವ ನಿಜ ದೃಶ್ಯಕ್ಕಿಂತಲೂ ಜಾಸ್ತಿ ನಿಜ ಅನಿಸುತ್ತದೆ.

1888ರ ಡಿಸೆಂಬರ್ ಕೊನೆಗೆ ಲಂಡನ್ನಿನ ಲೈಸಿಯಂ ಥಿಯೇಟರಿನಲ್ಲಿ ನಟ ಹೆನ್ರಿ ಇರ್ವಿಂಗ್ ಜೊತೆ ಟೆರಿ ಈ ನಾಟಕ ಆಡಿದಾಗ ಸಾರ್ಜೆಂಟ್ ಮೊದಲ ಪ್ರದರ್ಶನಕ್ಕೇ ಹೋಗಿದ್ದ, ಅವಳ ವೇಷ ನೋಡಿ ಬೆರಗಾಗಿ ಚಿತ್ರ ಬರೆಯಲೇಬೇಕು ಅಂದುಕೊಂಡ.

ಆ ಉಡುಪನ್ನು ಸ್ವಲ್ಪ ಹತ್ತಿರದಿಂದ ನೋಡಿ. ಹಸಿರು ನೂಲಿನಲ್ಲಿ ಕ್ರೋಶಾ ಹೆಣೆದು, ಅದರ ಮೇಲೆ ಸುಮಾರು 1000 ಜೀರುಂಡೆ ರೆಕ್ಕೆಗಳನ್ನು ಹೊಲಿದಿದ್ದಾರೆ. ನಿಜವಾದ ರೆಕ್ಕೆಗಳು! ದೀಪದ ಬೆಳಕು ಬಿದ್ದರೆ ಹಸಿರು, ನೀಲಿ ಅಂತ ಮಿರಮಿರ ಮಿಂಚಬೇಕು, ಹಾವಿನ ಮೈಯಂತೆ ಕಾಣಬೇಕು ಅನ್ನುವುದೇ ಉದ್ದೇಶ. ವಿನ್ಯಾಸ ಆಲಿಸ್ ಕೊಮಿನ್ಸ್ ಕಾರ್ ಅವರದು. ಮೊಣಕಾಲಿನವರೆಗೆ ಇಳಿದ ಕೆಂಪು ಜಡೆಗಳನ್ನೂ ಗಮನಿಸಿ.

ಉಡುಪು ಈಗಲೂ ಇದೆ. 1000 ಗಂಟೆಗೂ ಹೆಚ್ಚು ಕಾಲ ಕೂತು ರಿಪೇರಿ ಮಾಡಿ, ಇಂಗ್ಲೆಂಡಿನ ಕೆಂಟ್‌ನಲ್ಲಿರುವ ಟೆರಿಯ ಮನೆ ಸ್ಮಾಲ್‌ಹೈತ್ ಪ್ಲೇಸ್‌ನಲ್ಲಿ 2011ರಲ್ಲಿ ಮತ್ತೆ ನೋಡಲು ಇಟ್ಟರು.